ಬ್ಯಾಡಗಿಯ ಬಣ್ಣ ಹತ್ತಿದ ಹಕ್ಕಿ

ಗುಡದಪ್ಪ ಸಾವಕಾರರ ಮೆಣಸಿನಕಾಯಿ ದಲಾಲಿ ಅಂಗಡಿಯ ಗುಮಾಸ್ತ ಹೇಮಪ್ಪ ಪಕ್ಷಿತಜ್ಞನಾದದ್ದು ೨೦೦೬ರ ಜನವರಿಯ ಒಂದು ಬುಧವಾರ, ಮಧ್ಯಾಹ್ನದ ಊಟದ ಹೊತ್ತಿಗೆ. ಅದಕ್ಕೆ ಮುಂಚಿನ ನಲವತ್ತಾರು ವರ್ಷ ಕಾಗೆ, ಗುಬ್ಬಿ, ಕೋಳಿ ಈ ಮೂರನ್ನು ಬಿಟ್ಟರೆ ಉಳಿದುದೆಲ್ಲ ಅವನಿಗೆ ಬರೀ ‘ಹಕ್ಕಿ’ಯಾಗಿತ್ತು. ಅದರಿಂದ ಅವನಿಗಾಗಲಿ ಹಕ್ಕಿಗಳಿಗಾಗಲಿ ಯಾವ ತೊಂದರೆಯೂ ಆಗಿರಲಿಲ್ಲ.

ಅವತ್ತು ಅಂಗಡಿಯ ಚೀಟಿಪುಸ್ತಕ ಅಚ್ಚು ಹಾಕಿಸಲು ಹಾವೇರಿಗೆ ಹೋಗಿದ್ದ. ಪ್ರೆಸ್ಸಿನವ ‘ಒಂದು ತಾಸು ತಡೀರಿ’ ಎಂದ. ಪಕ್ಕದಲ್ಲೇ ಸಲಾವುದ್ದೀನನ ರದ್ದಿ ಅಂಗಡಿ. ಅಲ್ಲಿ ಹಳೇ ಪೇಪರುಗಳ ಕಟ್ಟಿನ ಮೇಲೆ ಒಂದು ದುರ್ಬೀನು ಕೂತಿತ್ತು. ಅದರ ಕೆಳಗೆ ರಟ್ಟು ಕಿತ್ತುಹೋದ ಒಂದು ಇಂಗ್ಲಿಷ್ ಪುಸ್ತಕ. ಒಳಗೆಲ್ಲ ಕಪ್ಪು-ಬಿಳುಪಿನ ಹಕ್ಕಿ ಚಿತ್ರಗಳು.

“ಎರಡೂ ಒಂದ ಮನ್ಯಾಗಿಂದ ಬಂದಾವ್ರಿ,” ಎಂದ ಸಲಾವುದ್ದೀನ. “ದೊಡ್ಡ ಓದಿದವರ ಮನಿ. ಜೋಡಿ ಅಗಲಸಬ್ಯಾಡ್ರಿ, ಪಾಪ ಹತ್ತತೈತಿ.”

ಹೇಮಪ್ಪ ಪಾಪಕ್ಕೆ ಅಂಜುವ ಮನುಷ್ಯ. ಎರಡನ್ನೂ ತಂದ.

ಆ ಸಂಜೆ ಬ್ಯಾಡಗಿಯ ತನ್ನ ಮನೆಯ ಮಾಳಿಗೆ ಹತ್ತಿ ಆಕಾಶಕ್ಕೆ ದುರ್ಬೀನು ಹಿಡಿದ. ಕೋಲ್ಡ್ ಸ್ಟೋರೇಜಿನ ಮೇಲ್ಗಡೆ ಸಾವಿರಾರು ಹಕ್ಕಿಗಳ ಒಂದು ಹಿಂಡು ಹಾರುತ್ತಿತ್ತು. ಹಾರುತ್ತಿತ್ತು ಎಂದರೆ ಕಡಿಮೆಯಾಯಿತು. ಒಮ್ಮೆ ಚಾದರ ಝಾಡಿಸಿದ ಹಾಗೆ ಅಗಲವಾಗುವುದು, ಒಮ್ಮೆ ಮುದುಡಿ ಕರ್ರಗೆ ಗಂಟಾಗುವುದು, ಯಾರೋ ‘ಹೊಳ್ಳು’ ಎಂದು ಕೂಗಿದಂತೆ ಅಷ್ಟೂ ಒಟ್ಟಿಗೆ ಎಡಕ್ಕೆ ಹೊರಳುವುದು. ಕಡೆಗೆ ಪಕ್ಕದ ಜೈತೂನಬಿಯ ಹಿತ್ತಲಿನ ದೊಡ್ಡ ಬಸರಿ ಗಿಡಕ್ಕೆ ಸುರಿದಂತೆ ಇಳಿದು, ಕಿವಿ ಮುಚ್ಚಿಕೊಳ್ಳುವ ಹಾಗೆ ಕಚಪಚ ಎಬ್ಬಿಸಿದವು.

ಹೇಮಪ್ಪ ಮಗಳ ಡಿಕ್ಷನರಿ ಇಟ್ಟುಕೊಂಡು ಪುಸ್ತಕ ಹುಡುಕಿದ. ಸಿಕ್ಕೇಬಿಟ್ಟಿತು. ಚಳಿಗಾಲದ ಸಂಜೆ ಸಾವಿರಗಟ್ಟಲೆ ಸೇರುವುದು, ಒಟ್ಟಿಗೆ ಹೊರಳುವುದು, ಒಂದೇ ಗಿಡದಲ್ಲಿ ಇಳಿದು ಗದ್ದಲ ಮಾಡುವುದು ಎಲ್ಲವೂ ಬರೆದಿತ್ತು. ಗುರುತು: ಗಿಡ್ಡ ಬಾಲ, ಚೂಪು ಕೊಕ್ಕು, ಕಪ್ಪು ಮೈ ತುಂಬ ಬಿಳಿ ಚುಕ್ಕಿ. ಮತ್ತೆ ದುರ್ಬೀನು ಹಿಡಿದ. ಚುಕ್ಕಿ! ಒಂದೊಂದು ಹಕ್ಕಿಯ ಮೈಮೇಲೂ ಚುಕ್ಕಿ! ಹೆಸರು ‘ಕಾಮನ್ ಸ್ಟಾರ್ಲಿಂಗ್’ ಎಂದಿತ್ತು. ಅದರಲ್ಲಿ ‘ಕಾಮನ್’ ಎಂಬ ಮಾತು ಅವನಿಗೆ ಹಿಡಿಸಲಿಲ್ಲ. ನಲವತ್ತಾರು ವರ್ಷಕ್ಕೆ ಒಮ್ಮೆ ಕಣ್ಣಿಗೆ ಬಿದ್ದ ಹಕ್ಕಿ ಸಾಮಾನ್ಯದ್ದು ಹೇಗಾದೀತು? ಆ ಮಾತನ್ನು ಅಲ್ಲೇ ಬಿಟ್ಟು ‘ಸ್ಟಾರ್ಲಿಂಗ್’ ಅಷ್ಟನ್ನೇ ಎತ್ತಿಕೊಂಡು ಕೆಳಗಿಳಿದ.

ಕೆಳಗೆ ಹೆಂಡತಿ ಪುಷ್ಪಲತಾ ರೊಟ್ಟಿ ಬಡಿಯುತ್ತಿದ್ದಳು. ಅಗಡಿ ಊರಿನಿಂದ ಬಂದಿದ್ದ ಅತ್ತೆ ಮರಿಯವ್ವ ಒಲೆಯ ಮುಂದೆ ಕುಳಿತಿದ್ದಳು.

“ನಮ್ಮೂರಿಗೆ ಇಂಗ್ಲೆಂಡ್, ರಷ್ಯಾದ ಕಡಿಂದ ಸ್ಟಾರ್ಲಿಂಗ್ ಬಂದೇತಿ,” ಎಂದು ಹೇಮಪ್ಪ ಸಾರಿದ.

“ಯಾರ ಮನಿಗ್ರೀ?” ಎಂದಳು ಪುಷ್ಪಲತಾ.

“ಹಕ್ಕಿ ಅದು! ಬಸರಿ ಗಿಡದಾಗ ಕುಂತೇತಲ್ಲ, ಅದು.”

“ಅದು ಜ್ವಾಳದ ಹಕ್ಕಿ, ಅಳಿಯಾರ,” ಎಂದಳು ಮರಿಯವ್ವ. “ವರ್ಷಾ ಬರ್ತಾವು. ಹಿಂಗಾರಿ ಜ್ವಾಳದ ತೆನಿ ಹಾಲುಗಾಳ ಕಟ್ಟಿದಾಗ ಇಳೀತಾವು, ಮುತ್ತಲ ಗಿಡ ಹೂಬಿಟ್ಟಾಗ ಹೂವಿನ ಜೇನು ಕುಡೀತಾವು, ಬ್ಯಾಸಗಿ ಬಲೀತಂದ್ರ ಹೊಳ್ಳಿ ಹೋಗ್ತಾವು. ಸಣ್ಣಾಕಿ ಇದ್ದಾಗ ಹೊಲದಾಗ ಅಟ್ಟಣಿಗಿ ಮ್ಯಾಲ ನಿಂತು ಎಷ್ಟ ಕವಣಿ ಬೀಸೀನಿ.”

“ಮತ್ತ ಅವು ಹಂಗ ಒಟ್ಟಿಗೆ ಯಾಕ ತಿರಗ್ತಾವ ಹೇಳ್ರಿ ನೋಡೋಣ.”

“ಗಿಡುಗನ ಅಂಜಿಕಿಗೆ. ಒಂದ ಹಕ್ಕಿ ಇದ್ರ ಹಿಡಿಯೂದು ಸಲೀಸು. ಸಾವಿರ ಒಮ್ಮಿಗೇ ಹೊಳ್ಳಿದ್ರ ಗಿಡುಗ ಯಾವದಕ್ಕ ಬಾಯಿ ಹಾಕತೈತಿ?”

“ಅತ್ತಿ, ನೀವು ಪುಸ್ತಕ ಓದಿಲ್ಲ.”

“ಹಕ್ಕಿನೂ ಓದಿಲ್ಲ ಬಿಡ್ರಿ,” ಎಂದು ಮರಿಯವ್ವ ರೊಟ್ಟಿ ತಿರುವಿದಳು.

ಮರುದಿನ ಗುರುವಾರ, ಮಾರುಕಟ್ಟೆಯ ದಿನ. ಯಾರ್ಡಿನ ತುಂಬ ಕೆಂಪು ಗುಡ್ಡೆಗಳು, ಎಲ್ಲರ ಮೂಗಿನಲ್ಲೂ ಘಾಟು, ಸೀನು. ಅಂಗಡಿಯ ಎದುರಿನ ತಂತಿಯ ಮೇಲೆ ಅದೇ ಹಕ್ಕಿಗಳು ಸಾಲಾಗಿ ಕೂತಿದ್ದವು. ಹೇಮಪ್ಪ ಪುಸ್ತಕ ಬಿಚ್ಚಿ ನಾಲ್ಕು ಹಮಾಲರಿಗೆ ಪಾಠ ಹೇಳುವಾಗ ಗುಡದಪ್ಪ ಸಾವಕಾರರು ಬಂದರು. ಅವರಿಗೆ ಕನ್ನಡಕವಿರಲಿಲ್ಲ, ಅದರ ಅಗತ್ಯವೂ ಇರಲಿಲ್ಲ. ಒಂದು ಹಿಡಿ ಕಾಯಿ ನೋಡಿ ಯಾವ ಊರಿನ ಹೊಲದ್ದೆಂದು ಹೇಳುವ ಕಣ್ಣು ಅವರದು.

“ಹೇಮ್ಯಾ, ನಿನ್ನ ಪುಸ್ತಕದಾಗ ಹಕ್ಕಿ ಕರಿದೈತಿ. ಈ ಹಕ್ಕಿ ತಲಿ ಅಷ್ಟ ಕರಿದು, ಮೈ ಕೆಂಪಗದಲ್ಲೋ!”

ನೋಡಿದರೆ ನಿಜ. ಬರಿಗಣ್ಣಿಗೆ ಹಕ್ಕಿಯ ಎದೆ, ಬೆನ್ನು ಎಲ್ಲ ನಸುಗೆಂಪು. ಹೇಮಪ್ಪನ ಪಕ್ಷಿತಜ್ಞತೆಗೆ ಒಂದು ದಿನವೂ ತುಂಬಿರಲಿಲ್ಲ, ಅಷ್ಟರಲ್ಲೇ ಅದಕ್ಕೆ ಪ್ರಾಣಸಂಕಟ ಬಂತು. ಹಮಾಲರು ನಾಲ್ವರೂ ಅವನ ಬಾಯಿಯನ್ನೇ ನೋಡುತ್ತಿದ್ದರು. ಆ ಬಾಯಿ ತನ್ನಷ್ಟಕ್ಕೆ ತಾನೇ ತೆರೆಯಿತು.

“ಬಣ್ಣ ಹತ್ತೇತ್ರಿ, ಸಾವಕಾರ್ರ.”

“ಎದರದ್ದೋ?”

“ನಮ್ಮ ಮೆಣಸಿನಕಾಯಿದ್ದು. ದಿನಾ ಇಲ್ಲೇ ಧೂಳದಾಗ ಅಡ್ಡಾಡ್ತಾವು ನೋಡ್ರಿ. ಬರಬೇಕಾದ್ರ ಕರ್ರಗ ಬಂದಿದ್ದುವು.”

ಗುಡದಪ್ಪನವರು ಹಕ್ಕಿಯನ್ನು ನೋಡಿದರು. ಮೆಣಸಿನಕಾಯಿ ಗುಡ್ಡೆಯನ್ನು ನೋಡಿದರು. ಮತ್ತೆ ಹಕ್ಕಿಯನ್ನು ನೋಡಿದರು. ಅವರ ಮುಖದಲ್ಲಿ ನಿಧಾನವಾಗಿ ಬೆಳಕು ಮೂಡಿತು.

“ಹೇಮಪ್ಪಾ,” ಎಂದರು. ಹದಿನೇಳು ವರ್ಷದ ಚಾಕರಿಯಲ್ಲಿ ಅವರು ಅವನ ಪೂರ್ತಿ ಹೆಸರು ಕರೆದದ್ದು ಅದೇ ಮೊದಲು. “ಪರದೇಶದ ಹಕ್ಕಿಗೂ ಬಣ್ಣ ಹತ್ತಸತೈತಿ ಅಂತೀ, ನಮ್ಮ ಕಾಯಿ!”

ಅವರು ಆ ಕ್ಷಣವೇ ಮನೋಹರನಿಗೆ ಹೇಳಿಕಳಿಸಿದರು. ಮನೋಹರನಿಗೆ ಎರಡು ಉದ್ಯೋಗ. ಬೆಳಿಗ್ಗೆ ಪೇಪರ್ ಹಂಚುವುದು, ಮಧ್ಯಾಹ್ನ ಅದೇ ಪೇಪರಿಗೆ ಸುದ್ದಿ ಬರೆಯುವುದು. ಶನಿವಾರ ಸುದ್ದಿ ಬಂತು: ‘ಬ್ಯಾಡಗಿಯ ಬಣ್ಣಕ್ಕೆ ಮನಸೋತ ವಿದೇಶಿ ಸ್ಟಾರ್ಲಿಂಗ್: ಪಕ್ಷಿತಜ್ಞ ಹೇಮಪ್ಪನವರ ಸಂಶೋಧನೆ.’ ಮುಂದಿನ ವಾರ ವರ್ತಕರೆಲ್ಲ ಸೇರಿ ಶಾಲು ಹೊದಿಸಿ, ಹಾರ ಹಾಕಿ, ಹಣ್ಣಿನ ಬುಟ್ಟಿ ಕೊಟ್ಟು ಸನ್ಮಾನ ಮಾಡಿದರು. ಹೇಮಪ್ಪ ಭಾಷಣವನ್ನೂ ಮಾಡಿದ. ಹಕ್ಕಿಗಳು ಒಟ್ಟಿಗೆ ಹಾರುವುದು ಸಂಘಟನೆಯ ಶಕ್ತಿ ಎಂದ. ಚಪ್ಪಾಳೆ ಬಿತ್ತು.

“ಗಿಡದಾಗ ಕುಂತು ಅಷ್ಟ ಗದ್ದಲಾ ಯಾಕ ಮಾಡ್ತಾವ್ರಿ?” ಎಂದು ಹಿಂದಿನ ಸಾಲಿನಿಂದ ಯಾರೋ ಕೇಳಿದರು.

“ನಾವು ಕಾಯಿ ದರಕ್ಕ ಟೆಂಡರ್ ಹಾಕೂಮುಂದ ಮಾಡೂದಿಲ್ಲೇನು? ಹಂಗ,” ಎಂದ ಹೇಮಪ್ಪ. ಚಪ್ಪಾಳೆ ಇನ್ನೂ ಜೋರಾಯಿತು. ಗುಡದಪ್ಪನವರು ಅಂಗಡಿಯ ಮುಂದೆ ದೊಡ್ಡ ಫಲಕ ಹಾಕಿಸಿದರು. ಅದರಲ್ಲಿ ಗಿಳಿಯಂಥ, ಪಾರಿವಾಳದಂಥ, ಸ್ವಲ್ಪ ಹುಂಜದಂಥ ಒಂದು ಕೆಂಪು ಹಕ್ಕಿ ಮೆಣಸಿನಕಾಯಿ ಕಚ್ಚಿಕೊಂಡು ನಗುತ್ತಿತ್ತು.

ಹೀಗೆ ಮೂರು ವಾರ ಹೇಮಪ್ಪ ಸುಖವಾಗಿದ್ದ. ಫೆಬ್ರುವರಿಯ ಮೂರನೆಯ ವಾರ ಮಹಾರಾಷ್ಟ್ರದಲ್ಲಿ ಹಕ್ಕಿಜ್ವರ ಕಾಣಿಸಿಕೊಂಡಿತು.

ಟೀವಿಯಲ್ಲಿ ಬಿಳಿ ಅಂಗಿ, ಬಿಳಿ ಟೊಪ್ಪಿಗೆ, ಬಾಯಿಗೆ ಬಟ್ಟೆ ಕಟ್ಟಿದವರು ಕೋಳಿಗಳನ್ನು ಚೀಲಕ್ಕೆ ತುಂಬುವುದನ್ನು ಇಡೀ ಬ್ಯಾಡಗಿ ನೋಡಿತು. ಹೊರದೇಶದಿಂದ ಬರುವ ಹಕ್ಕಿಗಳೇ ಈ ಜ್ವರ ಹೊತ್ತು ತಂದಿರಬಹುದೆಂದು ಯಾರೋ ಅಂದರು. ಅಷ್ಟೇ ಸಾಕಾಯಿತು. ಹೋಟೆಲಿನಲ್ಲಿ ಹೇಮಪ್ಪನ ಬೆಂಚಿನಲ್ಲಿದ್ದವರು ಚಹದ ಕಪ್ಪು ಹಿಡಿದುಕೊಂಡೇ ಎದ್ದು ಬೇರೆ ಬೆಂಚಿಗೆ ಹೋದರು. ಮನೋಹರ ಹೊಸ ಸುದ್ದಿ ಬರೆದ: ‘ಬ್ಯಾಡಗಿಯಲ್ಲಿ ಬೀಡುಬಿಟ್ಟ ವಿದೇಶಿ ಹಕ್ಕಿ: ಪಕ್ಷಿತಜ್ಞ ಮೌನವೇಕೆ?’

ಸನ್ಮಾನದ ದಿನ ಹಾರ ಹಿಡಿದಿದ್ದ ವರ್ತಕರೊಬ್ಬರು ಮನೆಗೇ ಬಂದು ದೂರ ನಿಂತು ಕೇಳಿದರು: “ಅಲ್ಲೋ ಹೇಮಪ್ಪ, ಹಕ್ಕಿ ಕರದವ ನೀನ ಅಂತಲ್ಲ?”

ಸೋಮವಾರ ಹತ್ತು ಗಂಟೆಗೆ ಹಾವೇರಿಯ ಕಡೆಯಿಂದ ಒಂದು ಜೀಪು ಬಂತು. ಅದರಿಂದ ದೊಡ್ಡ ಸಾಹೇಬರು ಇಳಿದರು. ಅವರು ಯಾವ ಇಲಾಖೆಯವರೆಂದು ಯಾರೂ ಕೇಳಲಿಲ್ಲ. ಜೀಪು ಇತ್ತು, ಫೈಲು ಇತ್ತು, ಹಿಂದೆ ಒಬ್ಬ ದನದ ಡಾಕ್ಟರೂ ಇದ್ದರು. ಡಾಕ್ಟರರ ಹೆಸರು ಸುನೀಲಕುಮಾರ. ಕೆಲಸಕ್ಕೆ ಸೇರಿ ಎಂಟು ತಿಂಗಳಾಗಿದ್ದ ಹುಡುಗು ಮುಖದವರು.

ಸಾಹೇಬರು ನೇರವಾಗಿ ಜೈತೂನಬಿಯ ಹಿತ್ತಲಿಗೆ ಹೋದರು. ಬಸರಿ ಗಿಡದ ಕೆಳಗೇ ಕೋಳಿಗೂಡು, ಅದರಲ್ಲಿ ಇಪ್ಪತ್ತಾರು ಕೋಳಿ. ಗಂಡ ತೀರಿದ ಮೇಲೆ ಜೈತೂನಬಿ ತತ್ತಿ ಮಾರಿಕೊಂಡು ಬದುಕಿದವಳು. ಪ್ರತಿ ಕೋಳಿಗೂ ಹೆಸರಿಟ್ಟಿದ್ದಳು. ಹೇಮಪ್ಪನ ಹೆಂಡತಿಯ ಬಾಣಂತನದಲ್ಲಿ ತಿಂಗಳುಗಟ್ಟಲೆ ಮುಂಜಾನೆ ಗೋಡೆಯ ಮೇಲೆ ಎರಡು ತತ್ತಿ ಇಟ್ಟುಹೋದವಳು.

“ಮೇಲೆ ವಿದೇಶಿ ಹಕ್ಕಿ, ಕೆಳಗೆ ಕೋಳಿ,” ಎಂದು ಸಾಹೇಬರು ಕೊರಳು ಎತ್ತಿ, ತಗ್ಗಿಸಿ, ಅಂತರ ಅಳೆದರು. “ಎಲ್ಲಾನೂ ವಿಲೇವಾರಿ ಮಾಡಬೇಕಾಗ್ತದ.”

“ವಿಲೇವಾರಿ ಅಂದ್ರ?” ಎಂದಳು ಜೈತೂನಬಿ.

ಡಾಕ್ಟರು ಕೆಳಗೆ ನೋಡಿದರು. ಜೈತೂನಬಿಗೆ ತಿಳಿಯಿತು. ಕೈಗೆ ಸಿಕ್ಕ ಒಂದು ಬಿಳಿ ಕೋಳಿಯನ್ನು ಎತ್ತಿ ಸೆರಗಿನಲ್ಲಿ ಮುಚ್ಚಿಕೊಂಡಳು.

“ಸರ್, ಕೋಳಿ ಒಂದಕ್ಕೂ ಜಡ್ಡು ಕಾಣೂದಿಲ್ಲ,” ಎಂದರು ಡಾಕ್ಟರು. “ಕಣ್ಣು ಚೊಕ್ಕ ಅದಾವು, ಮೇವು ತಿನ್ನಾಕತ್ತಾವು.”

“ಜಡ್ಡು ಬರೂತನಾ ಕಾಯಾಕ ನಾವೇನು ಬೀಗರೇನ್ರಿ? ಪೇಪರಿನಾಗ ಬಂದದ. ಪಕ್ಷಿತಜ್ಞರು ಎಲ್ಲಿ?”

ಇಡೀ ಓಣಿ ಹೇಮಪ್ಪನ ಕಡೆಗೆ ಕೈ ತೋರಿಸಿತು. ಸಾಹೇಬರು ಪಂಚನಾಮೆ ಮುಂದೆ ಹಿಡಿದರು. ‘ಸದರಿ ಗಿಡದಲ್ಲಿ ವಾಸವಿರುವುದು ಸ್ಟಾರ್ಲಿಂಗ್ ಎಂಬ ಚುಕ್ಕಿಯುಳ್ಳ ವಿದೇಶಿ ಪಕ್ಷಿಯೆಂದು ತಜ್ಞನಾದ ನಾನು ದೃಢೀಕರಿಸುತ್ತೇನೆ’ ಎಂದು ಅದರಲ್ಲಿ ಬರೆದಿತ್ತು.

ವರ್ತಕರೊಂದಿಗೆ ಜೀಪಿನ ಹಿಂದೆಯೇ ಬಂದಿದ್ದ ಗುಡದಪ್ಪನವರು ಹೇಮಪ್ಪನ ಕಿವಿಗೆ ಬಾಯಿ ತಂದರು. “ಸಹಿ ಮಾಡಿಬಿಡು. ಕೋಳಿ ಮ್ಯಾಲ ಹೋಗಲಿ ಈ ಪೀಡಾ. ಇಲ್ಲಂದ್ರ ಅಲ್ಲೂ ಹಕ್ಕಿ ಅಡ್ಡಾಡ್ತಾವಂತ ಯಾರ್ಡ್ ಬಂದ್ ಮಾಡ್ತಾರ. ಸೀಜನ್ ಐತೋ! ನಾಳೆಯಿಂದ ನಿನಗ ಅಂಗಡ್ಯಾಗ ಕುರ್ಚಿ ಹಾಕ್ತೇನಿ.”

ಹದಿನೇಳು ವರ್ಷ ನೆಲದ ಗಾದಿಯ ಮೇಲೆ ಕಾಲು ಮಡಚಿ ಬರೆದವನಿಗೆ ಕುರ್ಚಿ ಎಂದರೆ ಸಣ್ಣ ಮಾತಲ್ಲ. ಹೇಮಪ್ಪ ಪೆನ್ನು ಹಿಡಿದ. ‘ಹೇ’ ಎಂದು ಬರೆದ. ಜೈತೂನಬಿ ಬೈಯಲಿಲ್ಲ. ಬೈದಿದ್ದರೆ ಅವನು ಸಹಿ ಮುಗಿಸುತ್ತಿದ್ದನೋ ಏನೋ. ಅವಳು ಕೋಳಿಯ ಬೆನ್ನು ಸವರುತ್ತ, “ಮಾಡು ಬೇಟಾ, ನಿನಗ ಗೊತ್ತಿರತೈತಿ. ನೀ ಓದೀದಿ,” ಎಂದಳು.

ಹೇಮಪ್ಪ ಪೆನ್ನಿನ ಟೊಪ್ಪಿಗೆ ಹಾಕಿದ.

“ಸಾಹೇಬ್ರ, ನಾ ತಜ್ಞ ಅಲ್ಲರಿ.”

“ಏನಂದ್ರಿ?”

“ನನಗ ಹಕ್ಕಿ ಬಗ್ಗೆ ಏನೂ ಗೊತ್ತಿಲ್ಲರಿ. ರದ್ದಿ ಅಂಗಡ್ಯಾಗ ಪುಸ್ತಕ ಸಿಕ್ತು. ಮೆಣಸಿನಕಾಯಿ ಬಣ್ಣ ಅಂದದ್ದು ಬಾಯಿಗೆ ಬಂದದ್ದು ಅಂದೇನಿ.”

ಸಾಹೇಬರು ಫೈಲು ಮುಚ್ಚಿ, ಮತ್ತೆ ತೆಗೆದರು. “ಹಂಗ ಹೇಳಾಕ ಬರೂದಿಲ್ಲರಿ. ನೀವು ತಜ್ಞರು ಅಂತ ಪೇಪರಿನಾಗ ಎರಡು ಸಲ ಬಂದದ, ಫೈಲಿನಾಗ ಸೇರೇದ. ತಜ್ಞರು ಅಲ್ಲ ಅಂತ ಹೇಳಾಕ ನಿಮಗೇನು ಅಧಿಕಾರ? ಅದನ್ನ ಒಬ್ಬ ತಜ್ಞರ ಹೇಳಬೇಕು.”

“ಮತ್ತ ನಾನ ತಜ್ಞ ಅಂತೀರಲ್ರಿ, ನಾನ ಹೇಳಾಕತ್ತೇನಲ್ರಿ.”

“ಈಗಷ್ಟೇ ಅಲ್ಲ ಅಂದ್ರಿ!”

ಇಬ್ಬರೂ ದಣಿದು ನಿಂತರು. ಅಷ್ಟರಲ್ಲಿ ಡಾಕ್ಟರು ಹೇಮಪ್ಪನ ದುರ್ಬೀನು ಇಸಿದುಕೊಂಡು ಗಿಡ ನೋಡಿದರು. ಆಮೇಲೆ ಗುಡದಪ್ಪನವರ ಬಿಳಿ ಧೋತರ ನೋಡಿದರು. ಆಮೇಲೆ ಸಾಹೇಬರ ಮುಖ ನೋಡಿದರು.

“ಸರ್, ನಿಮಗೂ ಚುಕ್ಕಿ ಅದಾವು.”

“ಏನ್ರಿ ಮಾತದು!”

“ದುರ್ಬೀನಿನ ಕಾಜಿಗೆ ಬೂಜು ಹಿಡದೈತಿ, ಸರ್. ಇದರಾಗ ಏನ ನೋಡಿದ್ರೂ ಚುಕ್ಕಿ ಕಾಣ್ತಾವು.” ಹೇಮಪ್ಪನ ಕಂಕುಳಲ್ಲಿದ್ದ ಪುಸ್ತಕವನ್ನೂ ಇಸಿದುಕೊಂಡು ಕಡೆಯ ಹಾಳೆ ತಿರುವಿದರು. ಅಲ್ಲೊಂದು ನಕಾಶೆ. “ಇದು ಇಂಗ್ಲೆಂಡಿನ ಪುಸ್ತಕ. ಬ್ಯಾಡಗಿ ಹಕ್ಕಿ ಇದರಾಗ ಹೆಂಗ ಇರತೈತಿ?”

ಡಾಕ್ಟರು ಪಾಪ, ತಾನು ಓದಿದ್ದು ದನದ ಮೇಲೆ, ಹಕ್ಕಿಯ ಮೇಲಲ್ಲ ಎಂದು ಒಪ್ಪಿಕೊಂಡು, ರಾಣೆಬೆನ್ನೂರಿನ ಕೃಷ್ಣಮೃಗಗಳ ಕಾಡಿನಲ್ಲಿ ಹಕ್ಕಿಗಳ ಅಭ್ಯಾಸ ಮಾಡುತ್ತಿದ್ದ ಗೆಳತಿ ಅರುಣಾಗೆ ಮೊಬೈಲ್ ಹಚ್ಚಿದರು. ಅವಳ ದನಿ ಸುತ್ತ ನಿಂತವರಿಗೂ ಕೇಳಿಸಿತು: “ತಲಿ ಕಪ್ಪು, ಸಣ್ಣ ಜುಟ್ಟು, ಮೈ ಗುಲಾಬಿ ಐತೇನು? ಅದು ಗುಲಾಬಿ ಕಬ್ಬಕ್ಕಿ, ಸುನೀಲ. ಇಲ್ಲೂ ಸಾವಿರಾರು ಅದಾವು. ಮೈ ತುಂಬ ಚುಕ್ಕಿ ಇರೂದು ಅದರ ಸಂಬಂಧಿಕ, ಅದು ಈ ಕಡೆ ಬರೂದು ಭಾಳ ಅಪರೂಪ. ಗುಲಾಬಿ ಅದರ ಸ್ವಂತ ಬಣ್ಣ. ಮರಿಗಳು ಅಷ್ಟ ಮಣ್ಣಿನ ಬಣ್ಣ ಇರ್ತಾವು.”

“ಫೋನಿನಾಗ ಬಣ್ಣ ಕಾಣೂದಿಲ್ಲ,” ಎಂದರು ಸಾಹೇಬರು. “ಹುಟ್ಟಿದ ಬಣ್ಣೋ ಹತ್ತಿದ ಬಣ್ಣೋ, ಪ್ರತ್ಯಕ್ಷ ಆಗಬೇಕು. ಇದನ್ನ ಮೆಣಸಿನಕಾಯಿ ಬಣ್ಣ ಅಂತ ಒಪ್ಪಿದವರು ಯಾರ್ಯಾರು?”

ಯಾರೂ ಸೂಚನೆ ಕೊಡಲಿಲ್ಲ. ಆದರೂ ಸನ್ಮಾನ ಮಾಡಿದ್ದ ಹದಿನೆಂಟು ವರ್ತಕರು ಒಮ್ಮೆಲೇ, ಒಂದೇ ಮನಸ್ಸಿನಿಂದ ಎಡಕ್ಕೆ ಹೊರಳಿ ಬಸರಿ ಗಿಡದ ತುದಿ ನೋಡತೊಡಗಿದರು.

ಆಗ ಒಬ್ಬ ಹಮಾಲ ಟಾವೆಲಿನಲ್ಲಿ ಸುತ್ತಿದ ಒಂದು ಹಕ್ಕಿ ತಂದ. ಕೋಲ್ಡ್ ಸ್ಟೋರೇಜಿನ ಗೋಡೆಗೆ ಬಡಿದು ತಲೆ ತಿರುಗಿ ಬಿದ್ದಿತ್ತಂತೆ. ಡಾಕ್ಟರು ಮೂಗಿಗೆ ಕರವಸ್ತ್ರ ಕಟ್ಟಿ ಪರೀಕ್ಷಿಸಿ, ಪೆಟ್ಟಿಲ್ಲ, ಬರೀ ಗಾಬರಿಯಾಗಿದೆ ಎಂದರು. ಸಾಹೇಬರು ಎರಡು ಹೆಜ್ಜೆ ಹಿಂದೆ ಸರಿದು ಅಪ್ಪಣೆ ಮಾಡಿದರು: “ತೊಳೀರಿ ಅದನ್ನ!”

ಬಕೆಟ್ಟು ಬಂತು. ಹಮಾಲ ಬೆಚ್ಚನೆಯ ನೀರಿನಲ್ಲಿ ಎರಡು ಬೆರಳಿನಿಂದ ಹಕ್ಕಿಯ ಬೆನ್ನು ಮೆಲ್ಲಗೆ ಸವರಿದ. ನೀರು ಕೆಂಪಗಾಯಿತು.

“ಬಿಟ್ಟಿತು! ಬಣ್ಣ ಬಿಟ್ಟಿತು!” ಎಂದು ಗುಡದಪ್ಪನವರು ಕುಣಿದಾಡಿದರು. “ನಾ ಹೇಳಿಲ್ಲೇನು? ನಮ್ಮ ಕಾಯಿ ಬಣ್ಣ!” ವರ್ತಕರೆಲ್ಲ ಒಟ್ಟಿಗೆ ಮತ್ತೆ ಬಲಕ್ಕೆ ಹೊರಳಿದರು. ಸಾಹೇಬರು ಧೈರ್ಯ ತಂದುಕೊಂಡು ಬಕೆಟ್ಟಿಗೆ ಬೆರಳದ್ದಿ, ಬಣ್ಣ ನೋಡಿ, ಬೆವರೊರೆಸಿಕೊಳ್ಳಲು ಅದೇ ಬೆರಳನ್ನು ಹುಬ್ಬಿಗೆ ಒಯ್ದರು.

ಅವರ ಕೂಗು ರೈಲು ನಿಲ್ದಾಣದವರೆಗೂ ಕೇಳಿಸಿತು.

“ಖೋಡಿಗಳಿರಾ!” ಎಂದು ಹಿತ್ತಲ ಬಾಗಿಲಲ್ಲಿ ನಿಂತಿದ್ದ ಮರಿಯವ್ವ ಗದರಿದಳು. “ಬೆಳಗಿನಿಂದ ಚೀಲಾ ಹೊತ್ತವನ ಕೈಲೆ ತೊಳಸಿದ್ರ ನೀರು ಕೆಂಪಗ ಆಗದ ಬೆಳ್ಳಗ ಆಗತೈತೇನು? ಅವನ ಕೈ ನೋಡ್ರಿ ಮೊದಲ!”

ಹಮಾಲ ಅಂಗೈ ಬಿಚ್ಚಿದ. ಬ್ಯಾಡಗಿಯ ಇಡೀ ಸೀಜನ್ನು ಅದರಲ್ಲಿತ್ತು. ಮರಿಯವ್ವ ಬೇರೆ ನೀರು ತಂದಳು, ತಾನೇ ಸಾಬೂನಿನಿಂದ ಕೈ ತೊಳೆದುಕೊಂಡಳು, ಕೂಸಿಗೆ ಎರೆದಂತೆ ಹಕ್ಕಿಗೆ ನೀರು ಎರೆದಳು. ನೀರು ತಿಳಿಯಾಗಿಯೇ ಉಳಿಯಿತು. ಹಕ್ಕಿ ಗುಲಾಬಿಯಾಗಿಯೇ ಉಳಿಯಿತು. ಬಿಸಿಲಿನಲ್ಲಿ ರೆಕ್ಕೆ ಒದರಿ, ಸುತ್ತ ನಿಂತವರನ್ನೆಲ್ಲ ಒಮ್ಮೆ ನೋಡಿ, ಚಿರ್ರೆಂದು ಬೈದು ಬಸರಿ ಗಿಡಕ್ಕೆ ಹಾರಿತು.

“ಪರದೇಶದ್ದ ಇರಲಿ, ನಮ್ಮ ದೇಶದ್ದ ಇರಲಿ,” ಎಂದಳು ಮರಿಯವ್ವ. “ನಮ್ಮಜ್ಜಿ ಕಾಲದಿಂದ ಬರಾಕತ್ತಾವು. ಒಂದು ಕೋಳಿ ಸತ್ತಿಲ್ಲ.”

ಸಾಹೇಬರು ಆ ವಾದ ಕೇಳುವ ಸ್ಥಿತಿಯಲ್ಲಿರಲಿಲ್ಲ. ಜೈತೂನಬಿ ಸೆರಗಿನ ಕೋಳಿಯನ್ನು ಕೆಳಗಿಟ್ಟು, ತಣ್ಣನೆಯ ಹಾಲಿನಲ್ಲಿ ಬಟ್ಟೆ ಅದ್ದಿ ಅವರ ಕಣ್ಣಿನ ಮೇಲೆ ಇಟ್ಟಳು. “ತಿಕ್ಕಬ್ಯಾಡ್ರಿ ಸಾಹೇಬ್ರ, ಹಂಗ ಕುಂದ್ರಿ,” ಎಂದು ಬೆನ್ನು ಸವರಿದಳು. ಸಾಹೇಬರು ಕೋಳಿಗೂಡಿನ ಕಟ್ಟೆಯ ಮೇಲೆ ಕಣ್ಣು ಮುಚ್ಚಿ ಕುಳಿತೇ ಹೇಳಿದರು, ಡಾಕ್ಟರು ಬರೆದುಕೊಂಡರು: ‘ಸದರಿ ಪತ್ರವು ಚುಕ್ಕಿಯುಳ್ಳ ಪಕ್ಷಿಯನ್ನು ಕುರಿತದ್ದಾಗಿದ್ದು, ಸದರಿ ಪಕ್ಷಿಯನ್ನು ತೊಳೆದು ನೋಡಲಾಗಿ ಚುಕ್ಕಿ ಕಂಡುಬಾರದ ಕಾರಣ, ಸದರಿ ಕೋಳಿಗಳ ಮೇಲೆ ಯಾವುದೇ ಕ್ರಮದ ಅಗತ್ಯವಿಲ್ಲ.’ ಡಾಕ್ಟರು ಕೋಳಿಗಳನ್ನು ವಾರಕ್ಕೊಮ್ಮೆ ತಾನೇ ಬಂದು ನೋಡುವುದಾಗಿ ಒಂದು ಸಾಲು ಸೇರಿಸಿದರು.

ಜೀಪು ಹೋಯಿತು. ಗುಡದಪ್ಪನವರು ಫಲಕ ಇಳಿಸಿ, ಹಿಂಬದಿ ಮೇಲಾಗುವಂತೆ ಅಂಗಡಿಯ ಮಾಡಿಗೆ ಹೊಚ್ಚಿದರು. “ಹೇಮ್ಯಾ, ತೂಕದ ಕಾಟಾ ಚೀಟಿ ತಗೊಂಬಾರೋ,” ಎಂದರು. ಕುರ್ಚಿಯ ಮಾತು ಅಲ್ಲಿಗೇ ಮುಗಿಯಿತು. ಹೇಮಪ್ಪ ಗಾದಿಯ ಮೇಲೆ ಕಾಲು ಮಡಚಿ ಕುಳಿತು, ಬಹಳ ದಿನದ ಮೇಲೆ ಹಾಯಾಗಿ ಉಸಿರುಬಿಟ್ಟ. ಮನೆಗೆ ಹೋದಾಗ ಪುಷ್ಪಲತಾ, “ಅವ್ವ ಹೇಳಿದ್ದು ಆಗ ಕೇಳಿದ್ರ ಇಷ್ಟೆಲ್ಲಾ ಇರತಿರಲಿಲ್ಲ,” ಎಂದಳು. ಅದಕ್ಕೆ ಅವನು ಹೌದೆಂದು ತಲೆಯಾಡಿಸಿದ. ಅತ್ತೆಯ ಪಕ್ಕದಲ್ಲಿ ಒಲೆಯ ಮುಂದೆ ಕುಳಿತು, ಜೋಳದ ಹಕ್ಕಿ ಎಲ್ಲಿ ಗೂಡು ಕಟ್ಟುತ್ತದೆಂದು ಕೇಳಿದ. “ಇಲ್ಲಿ ಕಟ್ಟಿದ್ದು ಯಾರೂ ಕಂಡಿಲ್ಲಪಾ,” ಎಂದಳು ಮರಿಯವ್ವ.

ಮರುದಿನದ ಪೇಪರಿನಲ್ಲಿ ತಿದ್ದುಪಡಿ ಬರುತ್ತದೆಂದು ಹೇಮಪ್ಪ ಕಾದಿದ್ದ. ಬಂದದ್ದು ಇಷ್ಟು: ‘ಪಕ್ಷಿತಜ್ಞ ಹೇಮಪ್ಪನವರ ಸಮಯಪ್ರಜ್ಞೆ: ಇಪ್ಪತ್ತಾರು ಕೋಳಿ ಪಾರು.’

ಆ ಭಾನುವಾರವೇ ಗಳಗನಾಥದಿಂದ ಪ್ರಭುಲಿಂಗಪ್ಪ ಎಂಬ ರೈತರೊಬ್ಬರು ಎರಡು ಬಸ್ಸು ಬದಲಿಸಿ ಹುಡುಕಿಕೊಂಡು ಬಂದರು. ಹೊಳೆದಂಡೆಯಲ್ಲಿ ಸಿಕ್ಕ ಒಂದು ಉದ್ದನೆಯ ಗರಿಯನ್ನು ಪೇಪರಿನಲ್ಲಿ ಸುತ್ತಿ ತಂದಿದ್ದರು. ಎರಡೂ ಕೈಯಿಂದ ಅದನ್ನು ಮುಂದಿಟ್ಟು, “ಇದು ಯಾವ ಹಕ್ಕೀದು ನೋಡಿ ಹೇಳ್ರಿ,” ಎಂದರು.

ಹೇಮಪ್ಪ ಗರಿಯನ್ನು ಹಿಂದೆ ಮುಂದೆ ತಿರುವಿ ನೋಡಿದ. ಮರಿಯವ್ವನಿಗೂ ತೋರಿಸಿದ. ಅವಳೂ ತಿಳಿಯದೆಂದು ತಲೆಯಲ್ಲಾಡಿಸಿದಳು.

“ಗೊತ್ತಿಲ್ಲರಿ,” ಎಂದ ಹೇಮಪ್ಪ.

ಪ್ರಭುಲಿಂಗಪ್ಪನವರು ಗರಿಯನ್ನು ಮತ್ತೆ ಪೇಪರಿನಲ್ಲಿ ಸುತ್ತಿಕೊಂಡರು. ಆಮೇಲೆ ಎದ್ದು ಕೈಮುಗಿದು ಹೊರಗೆ ಹೋದರು. ಓಣಿಯ ತುದಿಯಲ್ಲಿ ಸಿಕ್ಕವರಿಗೆ ಹೇಳುತ್ತಿದ್ದುದು ಹೇಮಪ್ಪನಿಗೂ ಕೇಳಿಸಿತು:

“ಭಾಳ ದೊಡ್ಡ ತಜ್ಞರ್ರೀ ಅವರು. ನಮ್ಮ ಕಡೆ ಹತ್ತು ಮಂದಿನ್ನ ಕೇಳಿದ್ದೆ, ಹತ್ತೂ ಮಂದಿ ಹತ್ತು ಹೆಸರು ಹೇಳಿದ್ರು. ಇವರು ಒಬ್ಬರ ನೋಡ್ರಿ, ಗೊತ್ತಿಲ್ಲ ಅಂದವರು!”